ಸೊಲಾರಿಸ್ ಗ್ರಹವೂ ಕಾಲದ ಅಳತೆಯೂ



ಇಲ್ಲದ ಲೋಕವೊಂದನ್ನು ಕಲ್ಪಿಸಿ ಕಥೆ ಹೇಳುವುದು ಎಲ್ಲ ಸಾಹಿತ್ಯಗಳಲ್ಲಿಯೂ ಹಳೆಯ ಪರಿಪಾಠ. ಆದರೆ ಅಂತಹ ಲೋಕವನ್ನು ಕುರಿತು ನಡೆದ ವೈಜ್ಞಾನಿಕ ಸಮೀಕ್ಷೆಯನ್ನೇ, ಅದರ ವಾದ ವಿವಾದಗಳೊಡನೆ, ಕಥೆಯ ಒಡಲಾಗಿ ಮಾಡಿಕೊಳ್ಳುವುದು ಇಪ್ಪತ್ತನೆಯ ಶತಮಾನದ ಸಾಹಸ. ಪೋಲೆಂಡಿನ ಲೇಖಕ ಸ್ಟಾನಿಸ್ವಾಫ್ ಲೆಮ್ 1961ರಲ್ಲಿ ಪ್ರಕಟಿಸಿದ ‘ಸೊಲಾರಿಸ್’ ಕಾದಂಬರಿ ಈ ಸಾಹಸದ ಉತ್ತಮ ಫಲ. ಲೆಮ್ (1921–2006) ವೈದ್ಯಶಾಸ್ತ್ರವನ್ನು ಓದಿದವನು. ವಿಜ್ಞಾನದ ಬಲವನ್ನೂ ಅದರ ಮಿತಿಯನ್ನೂ ಸಮನಾಗಿ ಬಲ್ಲವನು. ರಷ್ಯದ ನಿರ್ದೇಶಕ ತರ್ಕೋವ್‌ಸ್ಕಿ 1972ರಲ್ಲಿ ಇದನ್ನು ಚಲನಚಿತ್ರವಾಗಿಸಿದ ಮೇಲೆ ಕೃತಿಯ ಹೆಸರು ಇನ್ನಷ್ಟು ದೂರ ಹಬ್ಬಿತು.

ಸೊಲಾರಿಸ್ ಎಂಬುದು ಒಂದು ಕೆಂಪು, ಒಂದು ನೀಲಿ, ಹೀಗೆ ಎರಡು ಸೂರ್ಯರನ್ನು ಸುತ್ತುವ ಗ್ರಹ. ಎರಡು ಸೂರ್ಯರ ಸೆಳೆತಕ್ಕೆ ಸಿಕ್ಕ ಅದರ ಪಥ ಕ್ರಮೇಣ ಕೆಡಬೇಕು, ಕೊನೆಗೆ ಗ್ರಹವೇ ಕೆಂಪು ಸೂರ್ಯನ ಬಾಯಿಗೆ ಬೀಳಬೇಕು ಎಂಬುದು ಕಥೆಯ ಖಗೋಳಜ್ಞರ ಲೆಕ್ಕ. ಹಾಗೆ ಆಗುತ್ತಿಲ್ಲ. ಗ್ರಹವನ್ನು ಬಹುಮಟ್ಟಿಗೆ ಆವರಿಸಿರುವ ಒಂದು ಸಾಗರವೇ ಆ ಪಥವನ್ನು ನೇರ್ಪಡಿಸುತ್ತಿದೆಯೆಂದು ತಿಳಿದುಬರುತ್ತದೆ. ಅದು ನೀರಿನ ಸಾಗರವಲ್ಲ. ಜೀವವಿರುವಂತೆ ತೋರುವ ಒಂದೇ ಒಂದು ಮಹಾಕಾಯ.

ಇಲ್ಲಿಂದ ಮುಂದೆ ಸಮೀಕ್ಷೆ ಪ್ರಾರಂಭವಾಗುತ್ತದೆ. ಜೀವವಿಜ್ಞಾನಿಗಳಿಗೆ ಅದು ಜೀವದ ಆದಿಮ ರೂಪ. ಭೌತವಿಜ್ಞಾನಿಗಳಿಗೆ ಅತ್ಯಂತ ಜಟಿಲವಾದ ವ್ಯವಸ್ಥೆ. ಒಳಗಿಳಿಸಿದ ಉಪಕರಣಗಳನ್ನು ಸಾಗರವೇ ತನ್ನಿಚ್ಛೆಯಂತೆ ತಿದ್ದಿಬಿಡುತ್ತದೆ. ಎಲ್ಲಕ್ಕಿಂತ ವಿಸ್ಮಯದ ಸಂಗತಿಯೆಂದರೆ, ಅದು ದೇಶಕಾಲಗಳ ನೆಯ್ಗೆಯನ್ನೇ ಬಾಗಿಸಬಲ್ಲದು. ಗ್ರಹದ ಒಂದೇ ರೇಖಾಂಶದ ಮೇಲೆ ಕಾಲವನ್ನು ಅಳೆದರೆ ಅಳತೆಗಳಲ್ಲಿ ವ್ಯತ್ಯಾಸ ಬರುತ್ತದೆ! ಗ್ರಹದ ಪಥವನ್ನು ಕಾಯುವ ಶಕ್ತಿ ಕಾಲವನ್ನೂ ಮುಟ್ಟದೆ ಬಿಡುವುದಿಲ್ಲ.

ಇದು ಬರಿಯ ಸ್ವೈರ ಕಲ್ಪನೆಯಲ್ಲ. ಗುರುತ್ವ ಹೆಚ್ಚಿದಲ್ಲಿ ಕಾಲ ನಿಧಾನವಾಗಿ ಹರಿಯುತ್ತದೆಂಬುದು ಐನ್‌ಸ್ಟೈನನ ಸಿದ್ಧಾಂತದ ಫಲಶ್ರುತಿ. 1960ರಲ್ಲಿ ಪೌಂಡ್ ಮತ್ತು ರೆಬ್ಕಾ ಎಂಬ ವಿಜ್ಞಾನಿಗಳು ಹಾರ್ವರ್ಡಿನಲ್ಲಿ ಕೇವಲ 22.5 ಮೀಟರು ಎತ್ತರದ ಅಂತರದಲ್ಲಿ ಗುರುತ್ವದ ಈ ಪ್ರಭಾವವನ್ನು ಅಳೆದು ತೋರಿಸಿದರು. 2010ರಲ್ಲಿ ಅಮೆರಿಕದ ಪ್ರಯೋಗಾಲಯವೊಂದರಲ್ಲಿ ಒಂದು ಗಡಿಯಾರವನ್ನು 33 ಸೆಂಟಿಮೀಟರು ಮೇಲೆತ್ತಿದುದರಿಂದ ಉಂಟಾದ ಭೇದವೂ ಅಳತೆಗೆ ಸಿಕ್ಕಿತು. ದಾರಿ ತೋರುವ ಜಿಪಿಎಸ್ ಉಪಗ್ರಹಗಳ ಗಡಿಯಾರಗಳು ನೆಲದ ಗಡಿಯಾರಗಳಿಗಿಂತ ದಿನಕ್ಕೆ ಸುಮಾರು 38 ಮೈಕ್ರೊಸೆಕೆಂಡು ಮುಂದೋಡುತ್ತವೆ. ಅದನ್ನು ಸರಿಪಡಿಸದಿದ್ದರೆ ದಾರಿ ತಪ್ಪುತ್ತದೆ. ಪ್ರಕೃತಿ ಕುರುಡಾಗಿ ಮಾಡುವುದನ್ನು ಸೊಲಾರಿಸ್ಸಿನ ಸಾಗರ ಬೇಕೆಂದು ಮಾಡುತ್ತದೆ. ಲೆಮ್ ಸೇರಿಸಿದುದು ಇಷ್ಟೇ.

ನಮ್ಮ ಭಾಗವತದಲ್ಲಿ ಕಕುದ್ಮಿರಾಜನ ಕಥೆಯಿದೆ. ಮಗಳು ರೇವತಿಗೆ ವರನನ್ನು ಕೇಳಲು ಬ್ರಹ್ಮಲೋಕಕ್ಕೆ ಹೋದವನು ಅಲ್ಲಿ ನಡೆಯುತ್ತಿದ್ದ ಗಾನ ಮುಗಿಯಲೆಂದು ಕ್ಷಣಕಾಲ ನಿಂತ. ಅಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗಗಳು ಕಳೆದಿದ್ದವು. ಅಲ್ಲಿಯೂ ಕಾಲ ಎರಡು ಬಗೆ. ಆದರೆ ಅಲ್ಲಿ ಲೆಕ್ಕ ಹೇಳುವುದಕ್ಕೆ ಬ್ರಹ್ಮನಿದ್ದಾನೆ. ಸೊಲಾರಿಸ್ಸಿನಲ್ಲಿ ಹೇಳುವವರು ಯಾರೂ ಇಲ್ಲ. ಅಳೆಯುವ ಮನುಷ್ಯನಿದ್ದಾನೆ, ಅಳತೆ ತುಂಬಿದ ಗ್ರಂಥಭಂಡಾರವಿದೆ. ಅರ್ಥ ಮಾತ್ರ ಕೈಗೆ ಸಿಗದು.

ಈ ಸೋಲು ಕೇವಲ ಪಂಡಿತರದಾಗಿದ್ದರೆ ಕೃತಿ ನಮ್ಮ ಮನಸ್ಸನ್ನು ಇಷ್ಟು ಕಲಕುತ್ತಿರಲಿಲ್ಲ. ವಿಜ್ಞಾನಿಗಳು ಸಾಗರದ ಮೇಲೆ ಕ್ಷಕಿರಣಗಳನ್ನು ಹಾಯಿಸುತ್ತಾರೆ. ಸಾಗರ ಅವರವರ ನೆನಪಿನಾಳದಿಂದ ಒಬ್ಬೊಬ್ಬರನ್ನು ಎತ್ತಿ ಮೂರ್ತಗೊಳಿಸಿ ಕಳುಹಿಸುತ್ತದೆ. ಕಥಾನಾಯಕ ಕೆಲ್ವಿನ್‌ನ ಬಳಿಗೆ ಬರುವವಳು, ಹತ್ತು ವರ್ಷಗಳ ಹಿಂದೆ ತನ್ನ ಜೀವವನ್ನು ತಾನೇ ನೀಗಿಕೊಂಡ ಹಾರೇ. ಆ ಸಾವಿಗೆ ತಾನೇ ಕಾರಣನೆಂಬ ಕೊರಗು ಅವನದು. ಅವಳ ವಯಸ್ಸು ಅಂದಿನದೇ; ವರ್ಷಗಳು ಕಳೆದುದು ಇವನಿಗೆ ಮಾತ್ರ. ಕಾಲದ ಮೇಲೆ ಸಾಗರಕ್ಕಿರುವ ಹಿಡಿತವನ್ನು ಉಪಕರಣಗಳು ಅಂಕಿಗಳಲ್ಲಿ ಕಂಡಿದ್ದವು; ಕೆಲ್ವಿನ್ ಅದನ್ನು ಎದೆಯಲ್ಲಿ ಅನುಭವಿಸುತ್ತಾನೆ. ಅದು ವರವೋ ಶಿಕ್ಷೆಯೋ ಸಾಗರ ಹೇಳುವುದಿಲ್ಲ. ಅನ್ಯಲೋಕವನ್ನು ಅರಿಯಹೊರಟ ಮನುಷ್ಯ ತನ್ನನ್ನೇ ಅರಿಯದವನು ಎಂಬ ಸತ್ಯ ಇಲ್ಲಿ ನಿಷ್ಠುರವಾಗಿ ಗೋಚರಿಸುತ್ತದೆ.

ಲೆಮ್‌ನ ಆಧಾರಗಳಲ್ಲೊಂದು ಇಂದು ಸಡಿಲಿದೆಯೆಂಬುದನ್ನೂ ಹೇಳಬೇಕು. ಎರಡು ಸೂರ್ಯರನ್ನು ಸುತ್ತುವ ಕೆಪ್ಲರ್-16ಬಿ ಎಂಬ ನಿಜವಾದ ಗ್ರಹದ ವಾರ್ತೆ 2011ರಲ್ಲಿ ಪ್ರಕಟವಾಯಿತು. ತಕ್ಕಷ್ಟು ದೂರದಲ್ಲಿದ್ದರೆ ಅಂತಹ ಪಥ ಸ್ಥಿರವಾಗಿರಬಲ್ಲದು. ಅದನ್ನು ಕಾಯಲು ಯಾವ ಸಾಗರವೂ ಬೇಕಿಲ್ಲ. ಆದರೂ ಕೃತಿಯ ಪ್ರಶ್ನೆ ಹಳತಾಗಿಲ್ಲ. ಅಳೆಯುವುದು ಬೇರೆ, ಅರಿಯುವುದು ಬೇರೆ.

ಕಾದಂಬರಿಯ ಕೊನೆಯಲ್ಲಿ ಕೆಲ್ವಿನ್ ಸಾಗರದ ಅಂಚಿನಲ್ಲಿ ಕುಳಿತು ಕೈ ನೀಡುತ್ತಾನೆ. ಅಲೆ ಬಂದು ಕೈಯನ್ನು ಸುತ್ತುವರಿಯುತ್ತದೆ, ಆದರೆ ಸೋಕುವುದಿಲ್ಲ. ನಡುವೆ ಗಾಳಿಯ ತೆಳುಪದರವೊಂದು ಉಳಿದೇ ಇರುತ್ತದೆ. ಆ ಪದರದ ಆಚೆ ಇರುವುದನ್ನು ತನ್ನದೆಂದು ಹೇಳಿಕೊಳ್ಳದೆ, ಇಲ್ಲವೆಂದೂ ಅನ್ನದೆ, ಕೈ ನೀಡಿಯೇ ಇರುವುದು ವಿಜ್ಞಾನಿಗೂ ಕವಿಗೂ ಸಮಾನವಾದ ಧರ್ಮ.