ಮುಗಿಲಿನ ಮುತ್ತು



ಅದ್ಭುತ ಕಥೆಗಳ ರಚನೆಯಲ್ಲಿ ತೊಡಗಿರುವ ತರುಣರ ಇಂಥ ಸಮ್ಮೇಳನದಲ್ಲಿ ಅದ್ಭುತರಸದ ಲಕ್ಷಣವನ್ನೂ ಅದರ ಪ್ರಭೇದಗಳನ್ನೂ ವಿವರಿಸುವುದು ವಾಡಿಕೆಯಾದರೂ, ಅವೆಲ್ಲವನ್ನೂ ಬದಿಗಿರಿಸಿ ಒಂದೇ ಒಂದು ವಸ್ತುವನ್ನು ತಮ್ಮ ಮುಂದಿಡಬಯಸುತ್ತೇನೆ. ಅದನ್ನು ಕಂಡವರಿಲ್ಲ, ಕೊಂಡವರಿಲ್ಲ. ಆದರೂ ಸುಮಾರು ಒಂದೂವರೆ ಸಾವಿರ ವರ್ಷಗಳಿಂದ ಅದರ ಹೆಸರು ನಮ್ಮ ರತ್ನಶಾಸ್ತ್ರದಲ್ಲಿ ಅಳಿಯದೆ ನಿಂತಿದೆ. ಅದೇ ಮೇಘಮುಕ್ತೆ, ಬಿರುಗಾಳಿಯ ಮುಗಿಲಿನಲ್ಲಿ ಹುಟ್ಟುವ ಮುತ್ತು.

6ನೆಯ ಶತಮಾನದ ವರಾಹಮಿಹಿರನು ತನ್ನ ಬೃಹತ್ಸಂಹಿತೆಯಲ್ಲಿ ಮುತ್ತುಗಳಿಗೆಂದೇ ಒಂದು ಅಧ್ಯಾಯವನ್ನು ಮೀಸಲಿಟ್ಟಿದ್ದಾನೆ. ಆನೆ, ಹಾವು, ಸಿಂಪಿ, ಶಂಖ, ಮೋಡ, ಬಿದಿರು, ತಿಮಿಮತ್ಸ್ಯ, ಹಂದಿ ಎಂದು ಮುತ್ತು ಹುಟ್ಟುವ 8 ನೆಲೆಗಳನ್ನು ಎಣಿಸಿ, ಅವುಗಳಲ್ಲಿ ಸಿಂಪಿಯ ಮುತ್ತೇ ಹೇರಳವೂ ಉತ್ತಮವೂ ಆದುದೆಂದು ಹೇಳಿದ ಆತನು, ಮುಂದೆ ಮೋಡದ ಮುತ್ತನ್ನು ಕುರಿತು ಹೇಳುವ ಮಾತಿನ ಸೊಗಸೇ ಬೇರೆ. ಆಲಿಕಲ್ಲಿನ ಹಾಗೆ ಅದು ಹುಟ್ಟುತ್ತದೆ; ಗಾಳಿಯ ಏಳನೆಯ ಸ್ತರದಿಂದ ಜಾರಿ ಬೀಳುತ್ತದೆ; ಮಿಂಚಿನ ಕಾಂತಿಯುಳ್ಳ ಅದನ್ನು ದೇವತೆಗಳು ಆಕಾಶದಲ್ಲಿಯೇ ಅಪಹರಿಸಿಬಿಡುತ್ತಾರಂತೆ. ಈ ‘ಅಂತೆ’ ನನ್ನದಲ್ಲ, ವರಾಹಮಿಹಿರನದೇ. ‘ಕಿಲ’ ಎಂಬ ಎರಡಕ್ಷರದ ಪದವನ್ನು ಆತನು ಅಲ್ಲಿ ಇರಿಸಿದ್ದಾನೆ. ಕಣ್ಣಾರೆ ಕಂಡೆನೆಂದು ಆತನು ಹೇಳಲಿಲ್ಲ. ಕಾಣಲಿಲ್ಲವೆಂಬ ಕಾರಣಕ್ಕೆ ಹಿರಿಯರ ಮಾತನ್ನು ಕಸವೆಂದು ಗುಡಿಸಿಯೂ ಹಾಕಲಿಲ್ಲ.

ಹೀಗೆ ಹೇಳಿದವನು ಅಳತೆ ತೂಕಗಳನ್ನು ಅರಿಯದ ಭಾವುಕನಾಗಿರಲಿಲ್ಲವೆಂಬುದನ್ನು ತಾವು ನೆನೆಯಬೇಕು. ಮುಗಿಲು ಗರ್ಭಧರಿಸಿದ 195ನೆಯ ದಿನಕ್ಕೆ ಮಳೆಯನ್ನು ಹೆರುತ್ತದೆಂದು ಲೆಕ್ಕವಿಟ್ಟವನು, ಒಂದು ಮೊಳ ಅಗಲದ ಕುಂಡವನ್ನಿಟ್ಟು ಅದರಲ್ಲಿ ನಿಂತ 50 ಪಲ ನೀರನ್ನು ಒಂದು ಆಢಕವೆಂದು ಎಣಿಸಿ ಮಳೆಯನ್ನು ಅಳೆಯಬೇಕೆಂದು ವಿಧಿಸಿದವನು ಆತನೇ. ನಾಲ್ಕು ಮಾಷ ತೂಗುವ, ಕಾಂತಿ ತುಂಬಿದ ಸಿಂಪಿಯ ಮುತ್ತೊಂದಕ್ಕೆ 5,300 ಕಾರ್ಷಾಪಣಗಳೆಂದು ಬೆಲೆ ಕಟ್ಟಿದ ಅದೇ ಲೇಖನಿಯು ಮೇಘಮುಕ್ತೆಯೇ ಮೊದಲಾದವುಗಳ ಬಳಿಗೆ ಬಂದಾಗ, ಇವನ್ನು ರಂಧ್ರ ಕೊರೆದು ಪೋಣಿಸತಕ್ಕದ್ದಲ್ಲ, ಇವುಗಳ ಗುಣಕ್ಕೆ ಮಿತಿಯಿಲ್ಲವಾದುದರಿಂದ ಶಾಸ್ತ್ರದಲ್ಲಿ ಇವಕ್ಕೆ ಬೆಲೆಯನ್ನು ಹೇಳಿಲ್ಲ ಎಂದು ಬರೆದು ನಿಂತುಬಿಟ್ಟಿತು. ಅಳೆಯಬಲ್ಲುದನ್ನೆಲ್ಲ ಅಳೆದ ಮೇಲೆ ಅಳತೆಗೆ ಸಿಕ್ಕದುದರ ಮುಂದೆ ಕೈಮುಗಿದು ನಿಲ್ಲುವ ಈ ವಿನಯವೇ ಅದ್ಭುತ ಸಾಹಿತ್ಯದ ತಾಯಿಬೇರೆಂದು ನಾನು ನಂಬಿದ್ದೇನೆ.

ಈ ಕಲ್ಪನೆ ಹುಟ್ಟಿದ್ದಾದರೂ ಎಲ್ಲಿಂದ? ನಾನು ಬಾಲಕನಾಗಿದ್ದಾಗ ವೈಶಾಖದ ಒಂದು ಸಂಜೆ, ಹೆಂಚಿನ ಮೇಲೆ ಹುರಿಗಡಲೆ ಸುರಿದಂಥ ಸದ್ದಿನೊಡನೆ ಆಲಿಕಲ್ಲು ಬಿದ್ದಿತು. ನಮ್ಮ ಅಜ್ಜಿ ಸೆರಗನ್ನು ತಲೆಗೆ ಹೊದ್ದು ಅಂಗಳಕ್ಕಿಳಿದು, ಕಂಚಿನ ಬಟ್ಟಲಿನ ತುಂಬ ಅವನ್ನು ಆಯ್ದು ತಂದು, ಒಂದನ್ನು ಅಡಕೊತ್ತಿನಲ್ಲಿ ಇಬ್ಭಾಗ ಮಾಡಿ ನನ್ನ ಅಂಗೈಯಲ್ಲಿಟ್ಟಳು. ನಡುವೆ ಹಾಲಿನ ಬಿಳುಪಿನ ಒಂದು ಚುಕ್ಕೆ. ಅದರ ಸುತ್ತ ಗಾಜಿನಂಥ ತಿಳಿಯಾದ ಉಂಗುರ. ಮತ್ತೆ ಬಿಳಿಯ ಉಂಗುರ. ನೋಡುತ್ತಿದ್ದಂತೆಯೇ ಅದು ನೀರಾಯಿತು. ಬಟ್ಟಲಿನಲ್ಲಿ ಕರಗಿ ನಿಂತ ನೀರಿನಲ್ಲಿ ಬೆರಳದ್ದಿ, “ಕಣ್ಣಿಗೆ ತಂಪಂತೆ, ಬಾರೋ ಮಗು” ಎಂದು ಅಜ್ಜಿ ನನ್ನ ರೆಪ್ಪೆಗಳಿಗೆ ಸವರಿದಳು.

ಗುಡುಗುಮೋಡದೊಳಗೆ ಮೇಲ್ಮುಖವಾಗಿ ನುಗ್ಗುವ ಗಾಳಿಯು ಹಿಮದ ಕಣವನ್ನು ಎತ್ತಿ ಹಿಡಿದು, ಅದರ ಮೇಲೆ ಪದರ ಪದರವಾಗಿ ನೀರು ಹೆಪ್ಪುಗಟ್ಟಿದಾಗ ಆಲಿಕಲ್ಲು ಬೆಳೆಯುತ್ತದೆಂಬುದನ್ನು ನಾನು ತಿಳಿದುಕೊಂಡದ್ದು ಬಹಳ ವರ್ಷಗಳ ಅನಂತರ. ಸಿಂಪಿಯ ಮುತ್ತೂ ಒಂದು ಸಣ್ಣ ಬೀಜದ ಸುತ್ತ ಪದರ ಪದರವಾಗಿಯೇ ಬೆಳೆಯುತ್ತದೆ; ಒಂದು ನಿಮಿಷಗಳ ಕೃತಿ, ಇನ್ನೊಂದು ವರ್ಷಗಳ ಕೃತಿ. ಮೇಘಮುಕ್ತೆಯನ್ನು ಮೊದಲು ಕಲ್ಪಿಸಿದವನು ಮಳೆಯ ಅಂಗಳದಲ್ಲಿ ಆಲಿಕಲ್ಲನ್ನು ಒಡೆದು ನೋಡಿದವನೇ ಇರಬೇಕೆಂದು ನನಗೆ ತೋರುತ್ತದೆ. ಕರಗದ ಆಲಿಕಲ್ಲೊಂದು ಇದ್ದೀತೆ ಎಂಬ ಹಂಬಲವೇ ಘನೀಭವಿಸಿ ಆ ಮುತ್ತಾಗಿದೆ.

ಮಳೆಯಿಂದ ರತ್ನವನ್ನು ಕೊಯ್ಯುವ ಆಸೆ ನಮ್ಮಲ್ಲಿ ಬಹು ಪ್ರಾಚೀನವಾದುದು. ಹೊಸ ಮೋಡದ ಗುಡುಗಿಗೆ ವಿದೂರಪರ್ವತದ ನೆಲದಲ್ಲಿ ವೈಡೂರ್ಯದ ಮೊಳಕೆಯೊಡೆಯುವುದನ್ನು ಕಾಳಿದಾಸನು ಕುಮಾರಸಂಭವದ ಮೊದಲ ಸರ್ಗದಲ್ಲಿ ಕಾಣಿಸಿದನು. ಸ್ವಾತಿಯಲ್ಲಿ ಸಿಂಪಿಯೊಳಗೆ ಬಿದ್ದ ಹನಿ ಮುತ್ತಾಗುವುದೆಂದು ಭರ್ತೃಹರಿ ನೀತಿಶತಕದಲ್ಲಿ ಹೇಳಿದನು. ನಿಸರ್ಗವು ಈ ಆಸೆಯನ್ನು ಪೂರ್ತಿಯಾಗಿ ಹುಸಿಗೊಳಿಸಿಯೂ ಇಲ್ಲ. ಸಿಡಿಲು ಮರಳಿಗೆ ಹೊಡೆದಾಗ ಮರಳು ಕರಗಿ, ಒಳಗೆ ನುಣುಪಾದ ಗಾಜೂ ಹೊರಗೆ ಅಂಟಿದ ಮರಳೂ ಉಳ್ಳ ಕೊಳವೆಯಾಗುತ್ತದೆ. ಬೀಗಲ್ ನೌಕೆಯ ಪ್ರಯಾಣಕಾಲದಲ್ಲಿ ಚಾರ್ಲ್ಸ್ ಡಾರ್ವಿನ್ ಅಂಥ ಕೊಳವೆಗಳನ್ನು ದಕ್ಷಿಣ ಅಮೆರಿಕದ ಮಾಲ್ಡೊನಾಡೊ ಬಳಿಯ ಮರಳುದಿಬ್ಬಗಳಲ್ಲಿ ಕಂಡು, ಒಂದರ ಜಾಡು ಹಿಡಿದು ಬರಿಗೈಯಿಂದ 2 ಅಡಿ ಆಳದವರೆಗೆ ಮರಳನ್ನು ತೋಡಿದನು. ಸಿಡಿಲಿನ ಫಸಲು ದೊರೆತದ್ದು ಹಾಗೆ ತೋಡಿದ ಕೈಗೆ.

ತರುಣ ಮಿತ್ರರೇ, ತಾವು ನಿರ್ಮಿಸುವ ಲೋಕಗಳಲ್ಲಿ ಬಿರುಗಾಳಿಯಿಂದ ತೇಜಸ್ಸನ್ನು ಸೆರೆಹಿಡಿಯುವ ಮಣಿಗಳಿರಲಿ, ಮಿಂಚನ್ನು ಕಡೆದು ತೆಗೆದ ಲೋಹಗಳಿರಲಿ. ನನಗೆ ಅವುಗಳ ಮೇಲೆ ಅಪಾರವಾದ ಪ್ರೀತಿಯಿದೆ. ಆದರೆ ಅಂಗೈಯಲ್ಲಿ ಆಲಿಕಲ್ಲು ಕರಗುವುದನ್ನು ನೋಡದವನು ಕಲ್ಪಿಸಿದ ಮಣಿಗೆ ತಂಪೂ ಇರದು, ತೂಕವೂ ಇರದು. ಆದುದರಿಂದ ನನ್ನದೊಂದು ಬಿನ್ನಹವಿದೆ. ಅಶ್ವಿನಿಯಿಂದ ಸ್ವಾತಿಯವರೆಗೆ ಒಂದೊಂದು ಮಳೆಯನ್ನೂ ಕುರಿತು ತಮ್ಮ ತಮ್ಮ ಊರಿನ ಹಿರಿಯರು ಏನು ಹೇಳುತ್ತಾರೆಂಬುದನ್ನು ಅವರ ಮಾತಿನಲ್ಲಿಯೇ ಬರೆದಿಡಿರಿ. ಅವರಾಡುವ ‘ಅಂತೆ’ಯನ್ನು ಮಾತ್ರ ದಯವಿಟ್ಟು ತಿದ್ದದಿರಿ. ಮುಂದಿನ ಸಮ್ಮೇಳನಕ್ಕೆ ಬರುವಾಗ ಆ ಬರಹಗಳನ್ನು ತಂದು ಇಲ್ಲಿ ಓದಿರಿ. ನಮ್ಮ ಅಜ್ಜಿಯ ಬಟ್ಟಲಿನಲ್ಲಿ ಮುತ್ತು ಉಳಿಯಲಿಲ್ಲ. ಆ ನೀರಿನ ತಂಪು ನನ್ನ ಕಣ್ಣಿನಲ್ಲಿ ಇಂದಿಗೂ ಉಳಿದಿದೆ.