ಹಾರೆ ಕೆಳಗಿಡಿರಿ, ಮನೆ ಬಿಟ್ಟು ಓಡಬೇಡಿರಿ

(ಕಾರ್ಮಿಕ ಕುಟುಂಬಗಳ ಕೂಟದಲ್ಲಿ ಮಾಡಿದ ಭಾಷಣ)



ತೋಟದ ಲೈನಿನಲ್ಲಿ ನಮಗೆ ಸಿಗುವ ಮನೆ ಕೆಲಸದೊಂದಿಗೆ ಬಂದದ್ದು. ಆ ಕೆಲಸ ಬಿಟ್ಟು ನಾರಾಯಣಪೇಟೆ, ಮಕ್ತಲ್, ಗದ್ವಾಲಗಳಲ್ಲಿ ಬಾಡಿಗೆ ಮನೆ ಹಿಡಿದವರಿಗೆ ಬೇರೆ ಕಾನೂನು. ಇಂದು ಅದನ್ನೇ ಹೇಳುತ್ತೇನೆ.

ನಾರಾಯಣಪೇಟೆಯೂ ಗದ್ವಾಲವೂ ಸೀರೆ ನೇಯುವ ಊರುಗಳು. ಗುಂಡಿ ಮಗ್ಗ ಹೂಡಬೇಕಾದರೆ ನೆಲ ಅಗೆಯಲೇಬೇಕು. ನೇಯುವವನು ಕಾಲು ಇಳಿಬಿಟ್ಟು ಕೂಡುವುದು ಆ ಗುಂಡಿಯಲ್ಲಿ. ಒಂದು ಮನೆಯವರು ಮಾಲೀಕನನ್ನು ಕೇಳದೆ ಗುಂಡಿ ತೋಡಿದರು, ಹಿಂದಿನ ಗೋಡೆ ಒಡೆದು ಬಾಗಿಲಿಡಲು ತೊಡಗಿದರು ಎಂದುಕೊಳ್ಳಿರಿ. ಮಾಲೀಕನು ಕೋರ್ಟಿಗೆ ಹೋಗುತ್ತಾನೆ. ಅಮೀನನು ಒಂದು ಕಾಗದ ತರುತ್ತಾನೆ. ಓದಲು ಬಾರದೆ, ಮನೆಯಾಕೆ ಪಾತ್ರೆ ಪಗಡ ಕಟ್ಟತೊಡಗುತ್ತಾಳೆ.

ಅಮ್ಮಾ, ಕಟ್ಟಬೇಡ. ಮೊದಲು ಬಲ್ಲವರಿಂದ ಓದಿಸು. ಅದು ತಡೆಯಾಜ್ಞೆಯಾಗಿದ್ದರೆ ಮುಂದೆ ಅಗೆಯಬೇಡ, ಒಡೆಯಬೇಡ ಎಂದಷ್ಟೇ ಅರ್ಥ. ಮನೆ ಖಾಲಿ ಮಾಡು ಎಂದಲ್ಲ.

ತಾತ್ಕಾಲಿಕ ತಡೆ ಕೊಡುವಾಗ ನ್ಯಾಯಾಧೀಶರು ಮೂರು ಸಂಗತಿ ನೋಡುತ್ತಾರೆ. ಕೇಳಿದವನ ಮಾತಿನಲ್ಲಿ ಮೇಲ್ನೋಟಕ್ಕೆ ಹುರುಳಿದೆಯೇ? ತಡೆ ಕೊಟ್ಟರೆ, ಕೊಡದಿದ್ದರೆ, ಯಾರಿಗೆ ಹೆಚ್ಚು ತೊಂದರೆ? ಆಗುವ ನಷ್ಟ ಹಣದಿಂದ ತುಂಬಲಾರದ್ದೇ? ನಿಮ್ಮನ್ನು ಕೇಳದೆ ತಡೆ ಕೊಟ್ಟಿದ್ದರೆ 30 ದಿನಗಳೊಳಗೆ ಆ ಅರ್ಜಿಯನ್ನು ತೀರ್ಮಾನಿಸಲು ಕೋರ್ಟು ಯತ್ನಿಸಬೇಕು. ತಡೆ ತೆಗೆಯಿರೆಂದು ನೀವೂ ಅರ್ಜಿ ಹಾಕಬಹುದು. ಅಲ್ಲಿಯವರೆಗೆ ಹಾರೆ ಮುಟ್ಟಬೇಡಿರಿ. ಆಜ್ಞೆ ಮೀರಿದವರ ಆಸ್ತಿ ಜಪ್ತಿಯಾಗಬಹುದು. 3 ತಿಂಗಳವರೆಗೆ ಸಿವಿಲ್ ಜೈಲೂ ಆಗಬಹುದು.

ನಮ್ಮ ತಪ್ಪನ್ನೂ ತಿಳಿಯೋಣ. 1882ರ ಸ್ವತ್ತು ವರ್ಗಾವಣೆ ಕಾಯಿದೆಯ 108ನೇ ಕಲಮಿನ ಪ್ರಕಾರ, ಬಾಡಿಗೆದಾರನು ಮಾಲೀಕನ ಕಟ್ಟಡ ಕೆಡವಬಾರದು. ಒಪ್ಪಿಗೆಯಿಲ್ಲದೆ ಶಾಶ್ವತ ಕಟ್ಟಡ ಕಟ್ಟಬಾರದು. ಇಲ್ಲಿನ 1960ರ ಬಾಡಿಗೆ ನಿಯಂತ್ರಣ ಕಾಯಿದೆ ಅನ್ವಯಿಸುವ ಮನೆಗಳಲ್ಲಿ, ಕಟ್ಟಡದ ಬೆಲೆ ಅಥವಾ ಉಪಯೋಗವನ್ನು ಗಣನೀಯವಾಗಿ ಕೆಡಿಸಬಹುದಾದ ಹಾನಿ ಮಾಡುವುದು ಮನೆ ಬಿಡಿಸಲು ಒಂದು ಕಾರಣ. ಆದರೆ ಎಲ್ಲ ಮಾರ್ಪಾಡೂ ಒಂದೇ ಅಲ್ಲ. 1987ರಲ್ಲಿ ಸುಪ್ರೀಂ ಕೋರ್ಟು, ಬೇರೊಂದು ಬಾಡಿಗೆ ಕಾಯಿದೆಯ ಮೊಕದ್ದಮೆಯಲ್ಲಿ, ಬುನಾದಿ ತೋಡದೆ ಎಬ್ಬಿಸಿದ 6 ಅಡಿಯ ಅಡ್ಡಗೋಡೆಯಿಂದ ಕಟ್ಟಡ ಬದಲಾದಂತಾಗದು ಎಂದಿತು. ಮಗ್ಗದ ಗುಂಡಿ ಮುಚ್ಚಿ ನೆಲವನ್ನು ಮೊದಲಿನಂತೆ ಮಾಡಿಕೊಡುತ್ತೇವೆಂದು ನೀವು ಹೇಳಬಹುದು. ಒಡೆದ ಗೋಡೆಗೆ ಆ ಮಾತು ಹೊಂದುವುದು ಕಷ್ಟ.

ಮಾಲೀಕನಿಗೂ ಮಿತಿಯುಂಟು. ಕೋರ್ಟಿನ ಆದೇಶವಿಲ್ಲದೆ ಬೀಗ ಜಡಿದು ಸಾಮಾನು ಬೀದಿಗೆಸೆಯುವ ಹಕ್ಕು ಅವನಿಗಿಲ್ಲ. ಹಾಗೆ ಮಾಡಹೊರಟರೆ ನೀವೇ ತಡೆಯಾಜ್ಞೆ ಕೇಳಬಹುದು. ಅವನು ಕೋರ್ಟಿಗೆ ಹೋಗುವ ಸುಳಿವು ಸಿಕ್ಕರೆ ಮೊದಲೇ ಕೇವಿಯಟ್ ಹಾಕಿರಿ. ಅದು 90 ದಿನ ನಡೆಯುತ್ತದೆ, ನಿಮಗೆ ತಿಳಿಸದೆ ಅರ್ಜಿಯ ವಿಚಾರಣೆಯಾಗದು. ವಕೀಲರ ಫೀಜಿಗೆ ಅಂಜಬೇಡಿರಿ. 1987ರ ಕಾನೂನು ಸೇವಾ ಕಾಯಿದೆಯಂತೆ ಹೆಂಗಸರಿಗೆ ಆದಾಯ ಎಷ್ಟೇ ಇರಲಿ, ಗಂಡಸರಿಗೆ ಆದಾಯ ಕಡಿಮೆಯಿದ್ದರೆ, ಉಚಿತ ನೆರವುಂಟು.

ಕಡೆಯದಾಗಿ, ಅಗೆಯುವ ಮುಂಚೆ ಕೇಳಿರಿ. ಎಲ್ಲಿ, ಎಷ್ಟು ಆಳ, ಬಿಡುವಾಗ ಯಾರು ಮುಚ್ಚಬೇಕು ಎಂದು ಬರೆದು ಮಾಲೀಕನ ರುಜು ಹಾಕಿಸಿರಿ. ವ್ಯಾಜ್ಯವಿದೆಯೆಂದು ಬಾಡಿಗೆ ನಿಲ್ಲಿಸಬೇಡಿರಿ. ನಿಲ್ಲಿಸಿದರೆ ಮನೆ ಬಿಡಿಸಲು ಅದೇ ಇನ್ನೊಂದು ಕಾರಣವಾದೀತು. ರಸೀದಿಗಳನ್ನು ಆ ರುಜುವಿನ ಕಾಗದದೊಂದಿಗೆ ಟ್ರಂಕಿನಲ್ಲಿ ಜೋಪಾನವಾಗಿಡಿರಿ.