ಲೆಕ್ಕಕ್ಕೆ ಬರುವ ಹಕ್ಕು

'ಆಟಕ್ಕುಂಟು, ಲೆಕ್ಕಕ್ಕಿಲ್ಲ' ಎಂಬ ಮಾತು ನಮ್ಮಲ್ಲಿ ರೂಢಿಯಲ್ಲಿದೆ. ತೀರ ಚಿಕ್ಕ ಮಗುವನ್ನು ಅಳದಿರಲೆಂದು ಆಟಕ್ಕೆ ಸೇರಿಸಿಕೊಳ್ಳುತ್ತಾರೆ. ಅದರ ಸೋಲುಗೆಲವುಗಳನ್ನು ಯಾರೂ ಎಣಿಸುವುದಿಲ್ಲ. ಮಗುವಿಗೆ ಇದರಿಂದ ನಷ್ಟವೇನೂ ಇಲ್ಲ. ಆದರೆ ಇಪ್ಪತ್ತು ವರ್ಷ ಕಡತಗಳ ನಡುವೆ ದುಡಿದ ಸರ್ಕಾರಿ ನೌಕರನಿಗೆ ಬಡ್ತಿಯ ಹೊತ್ತಿನಲ್ಲಿ ಇದೇ ಗತಿಯಾದರೆ ಅದನ್ನು ಆಟವೆನ್ನಲಾಗದು.

ಹಾಗಾದರೆ ಬಡ್ತಿಯೇ ನೌಕರನ ಹಕ್ಕೆ? ಅಲ್ಲ. ಮೇಲಿನ ಹುದ್ದೆಗಳು ಕೆಲವೇ, ಬಯಸುವವರು ಹಲವರು. ಆದರೆ ನಿಯಮದಂತೆ ಅರ್ಹತೆ ಪಡೆದು ಪರಿಶೀಲನೆಯ ವ್ಯಾಪ್ತಿಯೊಳಗೆ ಬಂದವನನ್ನು ಉಳಿದವರೊಡನೆ ಒಂದೇ ತಕ್ಕಡಿಯಲ್ಲಿ ತೂಗಿ ನೋಡಬೇಕು. ಹಕ್ಕು ಇರುವುದು ಅಷ್ಟಕ್ಕೆ. ಸಂವಿಧಾನದ 16ನೆಯ ಅನುಚ್ಛೇದ ಸರ್ಕಾರಿ ಉದ್ಯೋಗದಲ್ಲಿ ಸಮಾನ ಅವಕಾಶದ ಭರವಸೆ ನೀಡಿದೆ. ಬಡ್ತಿಗೆ ಪರಿಗಣಿತನಾಗುವುದು ಅದರಿಂದಲೇ ಒದಗುವ ಮೂಲಭೂತ ಹಕ್ಕೆಂದು ಸರ್ವೋಚ್ಚ ನ್ಯಾಯಾಲಯದ ಸಂವಿಧಾನ ಪೀಠ 1999ರಲ್ಲಿ ಸ್ಪಷ್ಟಪಡಿಸಿತು.

ಈ ಹಕ್ಕಿಗೆ ಚ್ಯುತಿ ಬರುವುದು ಬಹುಮಟ್ಟಿಗೆ ಸದ್ದಿಲ್ಲದೆ. ಗಡಿ ರಸ್ತೆಗಳ ಇಂಜಿನಿಯರಿಂಗ್ ಸೇವೆಯ ಕಾರ್ಯನಿರ್ವಾಹಕ ಇಂಜಿನಿಯರರೊಬ್ಬರ ಮೊಕದ್ದಮೆಯನ್ನೇ ನೋಡಿ. ಬಡ್ತಿಗೆ ಐದು ವರ್ಷಗಳ ಗೋಪ್ಯ ವರದಿಗಳಲ್ಲಿಯೂ 'ಅತ್ಯುತ್ತಮ' ಎಂಬ ಷರಾ ಬೇಕಾಗಿತ್ತು. 1993-94ರ ವರದಿಯಲ್ಲಿ ಅವರಿಗೆ ಸಿಕ್ಕಿದ್ದು 'ಉತ್ತಮ'. ಪ್ರತಿಕೂಲವಲ್ಲದ ಷರಾವನ್ನು ತಿಳಿಸಬೇಕಾದ್ದಿಲ್ಲವೆಂದು ಸರ್ಕಾರ ವಾದಿಸಿತು. ಶ್ರೋತೃಗಳೇ, ಶಬ್ದದ ಅರ್ಥ ನಿಘಂಟಿನಲ್ಲಷ್ಟೇ ಇರುವುದಿಲ್ಲ. ಅದು ನಿಂತ ಸಂದರ್ಭದಲ್ಲಿಯೂ ಇರುತ್ತದೆ. ನಿಘಂಟಿನಲ್ಲಿ ಹೊಗಳಿಕೆಯಾದ 'ಉತ್ತಮ', ಆ ಕಡತದಲ್ಲಿ ಬಾಗಿಲಿಗೆ ಹಾಕಿದ ಅಗುಳಿಯಾಯಿತು. ನ್ಯಾಯಾಲಯವೂ 2008ರಲ್ಲಿ ಷರಾದ ಹೆಸರನ್ನು ಬಿಟ್ಟು ಪರಿಣಾಮವನ್ನು ನೋಡಿತು. ಪ್ರತಿಯೊಂದು ಷರಾವನ್ನೂ ನೌಕರನಿಗೆ ತಿಳಿಸಬೇಕು, ಅವನು ಮನವಿ ಸಲ್ಲಿಸಲು ಅವಕಾಶವಿರಬೇಕು ಎಂದಿತು. ಮೂವರು ನ್ಯಾಯಮೂರ್ತಿಗಳ ಪೀಠ 2013ರಲ್ಲಿ ಈ ಮಾತನ್ನು ಎತ್ತಿಹಿಡಿಯಿತು.

ಇನ್ನೊಂದು ತಡೆ ಮೊಹರು ಮಾಡಿದ ಲಕೋಟೆ. ವಿಚಾರಣೆಗೆ ಒಳಗಾದ ನೌಕರನ ಯೋಗ್ಯತೆಯನ್ನು ಇಲಾಖಾ ಬಡ್ತಿ ಸಮಿತಿ ಅಳೆದರೂ ಅದರ ತೀರ್ಮಾನ ಲಕೋಟೆಯೊಳಗೇ ಉಳಿಯುತ್ತದೆ. ಯಾರದೋ ದೂರು, ಪ್ರಾಥಮಿಕ ತನಿಖೆ ಇಷ್ಟರಿಂದಲೇ ಹೀಗೆ ಮಾಡಲಾಗದು. ದೋಷಾರೋಪಣಾ ಪತ್ರ ಹೊರಟಿರಬೇಕೆಂದು 1991ರಲ್ಲಿಯೇ ತೀರ್ಪಾಗಿದೆ. ಇಲ್ಲವಾದರೆ ಸಹಿಯಿಲ್ಲದ ಒಂದು ಅರ್ಜಿ ಸಾಕು, ಪ್ರಾಮಾಣಿಕನ ದಾರಿಗೂ ಮುಳ್ಳು ಬೀಳುತ್ತದೆ.

ಆ ಇಂಜಿನಿಯರರು ತೀರ್ಪು ಬರುವ ವೇಳೆಗೆ ನಿವೃತ್ತರಾಗಿದ್ದರು. ಷರಾ ಮೇಲೇರಿ ಬಡ್ತಿ ದೊರೆತಲ್ಲಿ ಹೆಚ್ಚಿನ ಪಿಂಚಣಿಯನ್ನೂ ವೇತನದ ಬಾಕಿಯನ್ನೂ ಬಡ್ಡಿಸಹಿತ ಕೊಡಬೇಕೆಂದು ನ್ಯಾಯಾಲಯ ವಿಧಿಸಿತು. ಹಣಕ್ಕೆ ಬಡ್ಡಿ ಕಟ್ಟಬಹುದು. ಮೇಲಿನ ಹುದ್ದೆಯಲ್ಲಿ ಅವರು ಮಾಡಬಹುದಾಗಿದ್ದ ಕೆಲಸಕ್ಕೆ ಯಾವ ಬಡ್ಡಿ? ಆದ್ದರಿಂದ ನ್ಯಾಯ ಮೊದಲು ಸಲ್ಲಬೇಕಾದುದು ಕಚೇರಿಯಲ್ಲಿ, ಷರಾ ಬರೆಯುವ ಮೇಲಧಿಕಾರಿಯ ಲೇಖನಿಯಲ್ಲಿ. ಆತ ತನ್ನ ಕೈಕೆಳಗಿನವನಿಗೆ ಓದಿ ಹೇಳಲು ಹಿಂಜರಿಯುವಂಥ ಮಾತನ್ನು ಅವನ ಕಡತದಲ್ಲಿ ಬರೆಯದಿರಲಿ.